ಅಡಿಕೆ ಲಾಟ್‌ಗಳಿಗೆ ಕಂಪ್ಯೂಟರ್ ಕೋಡ್: ಯಾವ ಅಕ್ಷರ ಇಟ್ಟುಕೊಳ್ಳಬೇಕು, ಯಾವುದು ಬಿಡಬೇಕು?

ಪ್ರಶ್ನೆ (ತೀರ್ಥಹಳ್ಳಿ ಕಡೆಯಿಂದ)

ನಮ್ಮದು ಅಡಿಕೆ ಬೆಳೆಗಾರರ ಸಣ್ಣ ಸಹಕಾರ ಸಂಘ. ವರ್ಷಕ್ಕೆ ಹೆಚ್ಚೆಂದರೆ 10,000 ಲಾಟ್ ಗೋದಾಮಿಗೆ ಬರುತ್ತವೆ. ಈಗಿನ ತಂತ್ರಾಂಶ ಪ್ರತಿ ಲಾಟಿಗೂ ದೊಡ್ಡಕ್ಷರ, ಸಣ್ಣಕ್ಷರ, ಅಂಕಿ ಎಲ್ಲ ಬೆರೆಸಿ ಆರು ಚಿಹ್ನೆಗಳ ಇಂಗ್ಲಿಷ್ ಕೋಡ್ ಕೊಡುತ್ತದೆ. ಅದನ್ನು ಚೀಟಿಯಲ್ಲಿ ಮುದ್ರಿಸುತ್ತೇವೆ, ಹಮಾಲರು ಚೀಲದ ಮೇಲೆ ಬಣ್ಣದಲ್ಲಿ ಬರೆಯುತ್ತಾರೆ, ಬೆಳೆಗಾರರು ಫೋನಿನಲ್ಲಿ ಓದಿ ಹೇಳಿ ದರ ವಿಚಾರಿಸುತ್ತಾರೆ. ಸೊನ್ನೆಯೋ ಓ ಅಕ್ಷರವೋ ಎನ್ನುವ ಗೊಂದಲ ದಿನವೂ ಇದೆ. ಒಬ್ಬರ ಲಾಟು ಇನ್ನೊಬ್ಬರ ಖಾತೆಗೆ ಏರಿದ್ದೂ ಇದೆ. ಮೊನ್ನೆ ಒಂದು ಕೋಡ್ ‘ಕೆ4ಟಿಟಿ3’ ಎಂದು ಶುರುವಾಗಿತ್ತು. ಓದಿದರೆ ‘ಕತ್ತೆ’ ಎಂದೇ ಕೇಳುತ್ತದೆ. ಚೀಟಿ ಪಡೆದ ಹಿರಿಯರು ಬಹಳ ನೊಂದುಕೊಂಡರು. ಹೊಸದಾಗಿ ಕೋಡ್ ರೂಪಿಸಬೇಕಾಗಿದೆ. ಈ ಕೆಲಸ ಬಲ್ಲವರು ವಿವರವಾಗಿ ತಿಳಿಸಿ.

ಸಾಗರದಿಂದ

ಮೊದಲು ಕಣ್ಣಿನ ಗೊಂದಲ ನೋಡೋಣ. ಇದಕ್ಕೆ ಸಿದ್ಧ ಮಾದರಿಗಳು ಹಲವಿವೆ. ನಮ್ಮ ಕೆಎ-14, ಕೆಎ-15 ಗಾಡಿಗಳ ಸರಣಿ ಅಕ್ಷರಗಳನ್ನೇ ಗಮನಿಸಿ: ಅಲ್ಲಿ ಐ ಮತ್ತು ಓ ಬರುವುದಿಲ್ಲ. ವಾಹನದ ಚಾಸಿಗೆ ಕೊಡುವ 17 ಚಿಹ್ನೆಗಳ ಅಂತಾರಾಷ್ಟ್ರೀಯ ಸಂಖ್ಯೆಯಲ್ಲಿ ಐ, ಓ ಜೊತೆಗೆ ಕ್ಯೂ ಕೂಡ ಇಲ್ಲ. ಅಮೆರಿಕದ ತಂತ್ರಾಂಶ ತಜ್ಞ ಡಗ್ಲಸ್ ಕ್ರಾಕ್‌ಫರ್ಡ್ ರೂಪಿಸಿದ 32 ಚಿಹ್ನೆಗಳ ಪಟ್ಟಿ ಐ, ಎಲ್, ಓ, ಯು ನಾಲ್ಕನ್ನು ಬಿಡುತ್ತದೆ. ಇವುಗಳಲ್ಲಿ ಮೊದಲ ಮೂರು ಅಕ್ಷರಗಳು ಅಂಕಿಗಳ ಹಾಗೆ ಕಾಣುತ್ತವೆ. ಯು ಬಿಟ್ಟಿದ್ದು ಕೆಟ್ಟ ಪದಗಳು ತಾನಾಗಿ ಹುಟ್ಟದಿರಲಿ ಎಂದು. ಆ ಪದ್ಧತಿಯ ಇನ್ನೊಂದು ಗುಣ ನಿಮಗೆ ನೇರವಾಗಿ ಉಪಯೋಗ: ಯಾರಾದರೂ ಓ ಒತ್ತಿದರೆ ಅದನ್ನು ಸೊನ್ನೆ ಎಂದೂ, ಐ ಅಥವಾ ಎಲ್ ಒತ್ತಿದರೆ ಒಂದು ಎಂದೂ ತಂತ್ರಾಂಶವೇ ತಿದ್ದಿಕೊಳ್ಳುತ್ತದೆ. ತಪ್ಪು ಎಂದು ತೋರಿಸಿ ವಾಪಸ್ ಕಳಿಸುವುದಕ್ಕಿಂತ ಇದು ಎಷ್ಟೋ ಮೇಲು.

ಆದರೆ ಆ ಪಟ್ಟಿ ಮುದ್ರಿತ ಅಕ್ಷರಕ್ಕೆ ಸಾಕು, ಗೋಣಿಯ ಮೇಲಿನ ಬ್ರಷ್ ಬರಹಕ್ಕೆ ಸಾಲದು. ಕೈಬರಹದಲ್ಲಿ ಬಿ–8, ಎಸ್–5, ಝಡ್–2, ಜಿ–6 ಜೋಡಿಗಳು ಬೆರೆಯುತ್ತವೆ. ಡಿ ಅಕ್ಷರದ ಬೆನ್ನು ಉಬ್ಬಿದರೆ ಸೊನ್ನೆ. ಯು–ವಿ, ಹೆಚ್–ಎನ್, ಎಕ್ಸ್–ವೈ ಕೂಡ ಹಾಗೆಯೇ. ಪ್ರತಿ ಜೋಡಿಯಲ್ಲಿ ಒಂದನ್ನಾದರೂ ಬಿಡಿ. ಅಂಕಿ–ಅಕ್ಷರದ ಜೋಡಿಯಾದರೆ ಅಕ್ಷರವನ್ನೇ ಬಿಡಿ, ಅಂಕಿ ಎಲ್ಲರಿಗೂ ಓದಲು ಬರುತ್ತದೆ.

ಸಣ್ಣಕ್ಷರ ಬೇಡವೇ ಬೇಡ. ಮುದ್ರಿಸುವುದು ದೊಡ್ಡಕ್ಷರ ಮಾತ್ರ, ಒತ್ತುವವರು ಯಾವುದನ್ನು ಒತ್ತಿದರೂ ಸ್ವೀಕರಿಸಬೇಕು.

ಶಿವಮೊಗ್ಗದಿಂದ

ಸಾಗರದವರ ಮಾತು ಸರಿ. ಆದರೆ ಈ ಪಟ್ಟಿಗಳನ್ನೆಲ್ಲ ಮಾಡಿದವರು ಕನ್ನಡದ ಕಿವಿಯನ್ನು ಗಮನದಲ್ಲಿಟ್ಟುಕೊಂಡವರಲ್ಲ. ಮಳೆಗಾಲದಲ್ಲಿ ಘಟ್ಟದ ಮೇಲಿನ ನೆಟ್‌ವರ್ಕಿನಲ್ಲಿ ಅರ್ಧ ಮಾತು ನುಂಗಿ ಹೋಗುವಾಗ ಏನಾಗುತ್ತದೆ ಯೋಚಿಸಿ. ‘ಆರ್’ ಎಂದರೆ ಅಕ್ಷರವೋ ಅಂಕಿ ಆರೋ? ‘ಎಲ್’ ಮತ್ತು ‘ಏಳು’? ‘ಎಂ’ ಎಂದು ಕೇಳಿಸಿದ್ದು ಎಂ ಅಕ್ಷರವೋ, ಬಾಲ ತುಂಡಾದ ‘ಎಂಟು’ವೋ? ‘ಐ’ ಮತ್ತು ‘ಐದು’? ಅಂಕಿಯನ್ನು ಇಂಗ್ಲಿಷಿನಲ್ಲಿ ಹೇಳುವವರಿಗೆ ಎಕ್ಸ್–ಸಿಕ್ಸ್ ಇದೆ. ಡಬ್ಲ್ಯೂ ಎಂದರೆ ಕೇಳುವವರು ‘ಡಬಲ್’ ಎಂದುಕೊಂಡು ಮುಂದಿನ ಅಂಕಿಗೆ ಕಾಯುತ್ತಾರೆ.

ಇದಕ್ಕೆ ಮುಖ್ಯ ಪರಿಹಾರ ಸ್ಥಾನವನ್ನು ಗಟ್ಟಿ ಮಾಡುವುದು. ಪ್ಯಾನ್ ಸಂಖ್ಯೆಯಲ್ಲಿ ಐದು ಅಕ್ಷರ, ನಾಲ್ಕು ಅಂಕಿ, ಒಂದು ಅಕ್ಷರ ಎಂದು ಖಚಿತವಾಗಿರುವಂತೆ, ನಿಮ್ಮಲ್ಲೂ ಮೊದಲೆರಡು ಸ್ಥಾನ ಯಾವಾಗಲೂ ಅಕ್ಷರ, ಉಳಿದವು ಯಾವಾಗಲೂ ಅಂಕಿ ಎಂದಿರಲಿ. ಮೂರನೆಯ ಸ್ಥಾನದಲ್ಲಿ ‘ಆರ್’ ಕೇಳಿಸಿದರೆ ಅದು 6 ಅಲ್ಲದೆ ಬೇರೆ ಆಗಲು ಸಾಧ್ಯವಿಲ್ಲ. ಅಂಕಿಯ ಸ್ಥಾನದಲ್ಲಿ ಓ ಒತ್ತಿದರೆ ತಂತ್ರಾಂಶ ಯೋಚಿಸದೆ ಸೊನ್ನೆ ಮಾಡಬಹುದು. ಬ್ಯಾಂಕಿನ ಐಎಫ್‌ಎಸ್‌ಸಿ ಕೋಡಿನ ಐದನೆಯ ಚಿಹ್ನೆ ಯಾವಾಗಲೂ ಸೊನ್ನೆಯೇ. ಆದರೂ ಅಲ್ಲಿ ಓ ಬರೆಯುವವರು ಬಹಳ. ಹಾಗೆ ಬರೆದದ್ದನ್ನು ಫಾರಂ ತಾನೇ ತಿದ್ದಿಕೊಳ್ಳಬೇಕು.

ಸ್ಥಾನ ಗಟ್ಟಿಯಾದ ಮೇಲೆ ಉಳಿಯುವುದು ಅಕ್ಷರ–ಅಕ್ಷರದ ಗೊಂದಲ. ಬಿ, ಡಿ, ಪಿ, ಟಿ, ವಿ ಐದೂ ಒಂದೇ ಪ್ರಾಸ, ಅವುಗಳಲ್ಲಿ ಒಂದೇ ಸಾಕು. ಎಂ–ಎನ್‌ನಲ್ಲಿ ಒಂದು. ಎಫ್–ಎಸ್‌ನಲ್ಲಿ ಒಂದು. ಎ–ಜೆ–ಕೆ ಮೂರರಲ್ಲಿ ಒಂದು. ಜಿ ಮತ್ತು ಝಡ್ ಎರಡೂ ಹೋಗಲಿ, ಝಡ್ ಅನ್ನು ‘ಜೀ’ ಎನ್ನುವವರಿದ್ದಾರೆ. ಕಣ್ಣಿನ ಪಟ್ಟಿಯನ್ನೂ ಇದರ ಮೇಲಿಟ್ಟು ಸೋಸಿದರೆ ನಿಶ್ಚಿಂತೆಯಿಂದ ಬಳಸಬಹುದಾದ ಆರು ಸಿಗುತ್ತವೆ: ಸಿ, ಎಫ್, ಕೆ, ಎನ್, ಪಿ, ವೈ. ಕಡಿಮೆ ಅನ್ನಿಸಬಹುದು, ಆದರೆ ನಿಮ್ಮ ಲಾಟಿನ ಲೆಕ್ಕಕ್ಕೆ ಧಾರಾಳ.

ಅಂಕಿಗಳಲ್ಲೂ ಒಂದು ಅಪಾಯವಿದೆ, ಇದನ್ನು ಯಾವ ಇಂಗ್ಲಿಷ್ ಕೈಪಿಡಿಯೂ ಹೇಳುವುದಿಲ್ಲ. ನಮ್ಮ ಜನ ಅಂಕಿಗಳನ್ನು ಎರಡೆರಡಾಗಿ ಓದುತ್ತಾರೆ. ‘ಇಪ್ಪತ್ತೇಳು’ ಫೋನಿನಲ್ಲಿ ‘ಎಪ್ಪತ್ತೇಳು’ ಆಗುತ್ತದೆ, ‘ಎಂಬತ್ತು’ ‘ತೊಂಬತ್ತು’ ಆಗುತ್ತದೆ. ಚೀಟಿಯಲ್ಲಿ ಕೋಡಿನ ಕೆಳಗೆ ‘ಒಂದೊಂದೇ ಅಂಕಿ ಓದಿ ಹೇಳಿ’ ಎಂದು ಕನ್ನಡದಲ್ಲಿ ಮುದ್ರಿಸಿ. ಫೋನ್ ತೆಗೆಯುವವರು ಕೇಳಿದ ಕೋಡನ್ನು ತಿರುಗಿ ಓದಿ, ಜೊತೆಗೆ ಬೆಳೆಗಾರರ ಊರನ್ನೂ ಹೇಳಿ ಖಾತ್ರಿ ಮಾಡಿಕೊಳ್ಳಲಿ.

ಹೊಸನಗರದಿಂದ

ಪದಗಳ ವಿಷಯ. ಎ, ಇ, ಐ, ಓ, ಯು ಐದನ್ನೂ ತೆಗೆದರೆ ಇಂಗ್ಲಿಷ್ ಲಿಪಿಯಲ್ಲಿ ಕನ್ನಡ ಪದ ಹುಟ್ಟುವುದು ಹೆಚ್ಚು ಕಡಿಮೆ ನಿಲ್ಲುತ್ತದೆ, ಸ್ವರವಿಲ್ಲದೆ ನಮ್ಮ ಪದ ಬರೆಯಲು ಬರುವುದಿಲ್ಲ. ಆದರೆ ಅಂಕಿಗಳನ್ನು ಅಕ್ಷರಗಳ ನಡುವೆ ಬಿಟ್ಟರೆ 4 ಎಂಬುದು ಎ ಆಗುತ್ತದೆ, 3 ಇ ಆಗುತ್ತದೆ, 1 ಐ, 0 ಓ. ನಿಮ್ಮ ‘ಕತ್ತೆ’ ಬಂದದ್ದು ಇದೇ ದಾರಿಯಲ್ಲಿ. ಅಕ್ಷರಗಳೆಲ್ಲ ಒಂದು ಕಡೆ, ಅಂಕಿಗಳೆಲ್ಲ ಒಂದು ಕಡೆ ಎಂದಾದರೆ ಈ ದಾರಿಯೂ ಮುಚ್ಚುತ್ತದೆ.

ಸ್ವರ ತೆಗೆದರೂ ಸಂಕ್ಷೇಪಗಳು ಉಳಿಯುತ್ತವೆ, ಇದನ್ನು ಹಲವರು ಮರೆಯುತ್ತಾರೆ. ಬಿಜೆಪಿ, ಜೆಡಿಎಸ್ ಎರಡರಲ್ಲೂ ಸ್ವರವಿಲ್ಲ. ಎಸ್‌ಸಿ, ಎಸ್‌ಟಿ ಕೂಡ ಹಾಗೆಯೇ. ಚುನಾವಣೆಯ ಕಾಲದಲ್ಲಿ ಒಬ್ಬರ ಚೀಟಿಯ ಮೇಲೆ ಪಕ್ಷದ ಹೆಸರೋ, ಯಾರದೋ ಚೀಲದ ಮೇಲೆ ಜಾತಿ ವರ್ಗದ ಗುರುತೋ ಬಂದರೆ ‘ಕಂಪ್ಯೂಟರ್ ಹಾಗೆ ಕೊಟ್ಟಿದ್ದು’ ಎಂದರೆ ಯಾರೂ ಒಪ್ಪುವುದಿಲ್ಲ, ಒಪ್ಪಬೇಕಾಗಿಯೂ ಇಲ್ಲ. ಹಿಂದುಳಿದ ವರ್ಗಗಳ 2ಎ, 2ಬಿ, 3ಎ, 3ಬಿ ಗುರುತುಗಳನ್ನೂ ಇದೇ ಸಾಲಿಗೆ ಸೇರಿಸಿ. ಶಿವಮೊಗ್ಗದವರ ಆರು ಅಕ್ಷರಗಳಲ್ಲಿ ಎ, ಬಿ, ಎಸ್, ಜೆ ಯಾವುದೂ ಇಲ್ಲದ್ದರಿಂದ ಇವೆಲ್ಲ ಒಟ್ಟಿಗೆ ಹೊರಗೆ ಹೋದವು.

ಎರಡೇ ಅಕ್ಷರ ಇಟ್ಟುಕೊಂಡರೆ ಇನ್ನೊಂದು ಲಾಭ: ಒಟ್ಟು 36 ಜೋಡಿ ಮಾತ್ರ. ಒಂದು ಹಾಳೆಯಲ್ಲಿ ಬರೆದು ಗುಮಾಸ್ತರು, ಹಮಾಲರು, ನಿರ್ದೇಶಕರು ಎಲ್ಲರಿಗೂ ತೋರಿಸಿ, ಯಾರಿಗೆ ಯಾವುದು ಇರಿಸುಮುರಿಸೋ ಅದನ್ನು ಹೊಡೆದು ಹಾಕಿ. ನನ್ನ ಮಟ್ಟಿಗೆ ಪಿಎಫ್ ಮತ್ತು ಪಿಸಿ ಬೇಡ. ಒಂದು ಭವಿಷ್ಯನಿಧಿ, ಇನ್ನೊಂದು ಪೊಲೀಸ್ ಪೇದೆ, ಕಚೇರಿ ಕಡತದಲ್ಲಿ ಎರಡೂ ಗೊಂದಲ. ಅಂಕಿಗಳಲ್ಲಿ 420 ಬರುವವನ್ನು ತೆಗೆಯಿರಿ. ಮೋಸದ ಕಲಮು ಈಗ ಭಾರತೀಯ ನ್ಯಾಯ ಸಂಹಿತೆಯಲ್ಲಿ 318 ಆಗಿದ್ದರೂ ಜನರ ಬಾಯಲ್ಲಿ ಅದು ಇನ್ನೂ 420 ಆಗಿಯೇ ಇದೆ. ನಾಲ್ಕು ಅಂಕಿಗಳಲ್ಲಿ ಅಂಥವು 20 ಮಾತ್ರ: 4200ರಿಂದ 4209, ಮತ್ತು 0420, 1420 ಹೀಗೆ 9420ರವರೆಗೆ. ಉಳಿದದ್ದು 34 ಜೋಡಿ, ಒಂದೊಂದಕ್ಕೆ 9,980 ಸಂಖ್ಯೆ, ಒಟ್ಟು 3,39,320 ಕೋಡ್. ನಿಮ್ಮ ವೇಗದಲ್ಲಿ 30 ವರ್ಷಕ್ಕೂ ಮಿಕ್ಕುತ್ತದೆ.

ಕೊಪ್ಪದಿಂದ

ಮೇಲಿನದೆಲ್ಲ ತಪ್ಪು ಕಡಿಮೆ ಮಾಡುತ್ತದೆ, ಆದರೆ ಆದ ತಪ್ಪನ್ನು ಹಿಡಿಯುವುದಿಲ್ಲ. ಹಣದ ವ್ಯವಹಾರವಿದ್ದರೆ ಪರಿಶೀಲನಾ ಅಂಕಿ, ಅಂದರೆ ಕೋಡಿನ ಉಳಿದ ಭಾಗದಿಂದಲೇ ಲೆಕ್ಕ ಹಾಕಿ ಕೊನೆಗೆ ಸೇರಿಸುವ ಅಂಕಿ, ಕಡ್ಡಾಯ. ಬ್ಯಾಂಕ್ ಕಾರ್ಡುಗಳಲ್ಲಿರುವ ಲೂನ್ ವಿಧಾನ ಒಂಟಿ ಅಂಕಿಯ ತಪ್ಪನ್ನೆಲ್ಲ ಹಿಡಿಯುತ್ತದೆ, ಆದರೆ ಅಕ್ಕಪಕ್ಕದ 09 ಅದಲುಬದಲಾಗಿ 90 ಆದರೆ ಹಿಡಿಯುವುದಿಲ್ಲ. ಆಧಾರ್‌ನಲ್ಲಿರುವ ವರ್ಹೋಫ್ ವಿಧಾನ ಅದನ್ನೂ ಹಿಡಿಯುತ್ತದೆ, ಆದರೆ ಅದಕ್ಕೆ ಕೋಷ್ಟಕ ಬೇಕು. ನಿಮಗೆ ನಾನು ಹೇಳುವುದು 97ರಿಂದ ಭಾಗಿಸುವ ವಿಧಾನ. ಅಂತಾರಾಷ್ಟ್ರೀಯ ಬ್ಯಾಂಕ್ ಖಾತೆ ಸಂಖ್ಯೆಗಳಲ್ಲಿ ಇರುವುದು ಇದೇ. ಎರಡು ಅಂಕಿ ಜಾಸ್ತಿಯಾಗುತ್ತದೆ, ಆದರೆ ಎಕ್ಸೆಲ್‌ನಲ್ಲೇ ಲೆಕ್ಕ ಹಾಕಬಹುದು.

ಕ್ರಮ ಹೀಗೆ. ಎ ಅಕ್ಷರಕ್ಕೆ 10, ಬಿಗೆ 11, ಹೀಗೆ ಝಡ್‌ಗೆ 35. ಕೆಪಿ4827 ಎಂಬ ಕೋಡಿನಲ್ಲಿ ಕೆ ಎಂದರೆ 20, ಪಿ ಎಂದರೆ 25. ಸಾಲಾಗಿ ಬರೆದರೆ 20254827. ಕೊನೆಗೆ ಎರಡು ಸೊನ್ನೆ ಸೇರಿಸಿ: 2025482700. ಇದನ್ನು 97ರಿಂದ ಭಾಗಿಸಿದರೆ ಶೇಷ 92. 98ರಲ್ಲಿ 92 ಕಳೆದರೆ 6, ಅಂದರೆ 06. ಪೂರ್ತಿ ಕೋಡ್ ಕೆಪಿ-4827-06. ಪರಿಶೀಲಿಸುವಾಗ 2025482706 ಅನ್ನು 97ರಿಂದ ಭಾಗಿಸಿದರೆ ಶೇಷ 1 ಬರಬೇಕು, ಬೇರೆ ಏನು ಬಂದರೂ ಕೋಡ್ ತಪ್ಪು. 8 ಮತ್ತು 2 ಅದಲುಬದಲಾಗಿ ಕೆಪಿ4287 ಆದರೆ ಪರಿಶೀಲನಾ ಅಂಕಿ 74 ಆಗಬೇಕಿತ್ತು, 06 ಹೊಂದುವುದಿಲ್ಲ. ಇಪ್ಪತ್ತೇಳು–ಎಪ್ಪತ್ತೇಳು ತಪ್ಪು ಒಂದೇ ಅಂಕಿಯದ್ದಾದ್ದರಿಂದ ಅದೂ ಇಲ್ಲಿ ಸಿಕ್ಕಿಬೀಳುತ್ತದೆ. ತೀರಾ ಅಡ್ಡಾದಿಡ್ಡಿ ತಪ್ಪು ಮಾತ್ರ ಸುಮಾರು 97ಕ್ಕೆ ಒಂದರಂತೆ ನುಸುಳಬಹುದು.

ಸಂಖ್ಯೆಗಳನ್ನು 0001, 0002 ಎಂದು ಸಾಲಾಗಿ ಕೊಡಬೇಡಿ. ಅಕ್ಕಪಕ್ಕದ ಮನೆಯವರ ಲಾಟುಗಳು ಒಂದೇ ಅಂಕಿಯಲ್ಲಿ ಬೇರೆಯಾದರೆ ಚೀಲದ ಮೇಲೆ ಓದುವಾಗ ಎಡವುವುದು ಸುಲಭ. ಯಾದೃಚ್ಛಿಕವಾಗಿ, ಅಂದರೆ ಯಾವ ಕ್ರಮವೂ ಇಲ್ಲದೆ ಆರಿಸಿ, ಒಂದೇ ಕೋಡ್ ಎರಡು ಸಲ ಸೇರದಂತೆ ಡೇಟಾಬೇಸಿನಲ್ಲಿ ಅನನ್ಯತೆಯ ನಿರ್ಬಂಧ ಹಾಕಿ, ಈಗಾಗಲೇ ಇರುವ ಕೋಡ್ ಬಂದರೆ ಮತ್ತೆ ಆರಿಸಲಿ.

ಸೊರಬದಿಂದ

ಎಕ್ಸೆಲ್ ಬಗ್ಗೆ ಎಚ್ಚರ. 48ಇ12 ಎಂಥ ಕೋಡನ್ನು ಅದು ಘಾತ ಸಂಖ್ಯೆ ಎಂದುಕೊಂಡು 4.8 ಗುಣಿಸು ಹತ್ತರ 13ನೇ ಘಾತ ಮಾಡಿಬಿಡುತ್ತದೆ. 0482 ಬರೆದರೆ ಮುಂದಿನ ಸೊನ್ನೆ ಹೋಗುತ್ತದೆ. ತಿಂಗಳ ಹೆಸರಿನಂತೆ ಕಂಡದ್ದನ್ನು ತಾರೀಕು ಮಾಡುತ್ತದೆ. ಇದೇ ಕಾಟಕ್ಕೆ ಮನುಷ್ಯ ಜೀನುಗಳ ಕೆಲವು ಹೆಸರುಗಳನ್ನೇ 2020ರಲ್ಲಿ ಬದಲಾಯಿಸಬೇಕಾಯಿತು. ಎರಡು ಅಕ್ಷರದಿಂದ ಶುರುವಾಗುವ, ಸ್ವರವಿಲ್ಲದ ನಿಮ್ಮ ಕೋಡಿಗೆ ಈ ಮೂರೂ ತಟ್ಟುವುದಿಲ್ಲ. ಪರಿಶೀಲನಾ ಅಂಕಿಯನ್ನು ಮಾತ್ರ ಬೇರೆ ಅಂಕಣದಲ್ಲಿಟ್ಟರೆ 06 ಹೋಗಿ 6 ಆಗುತ್ತದೆ, ಆ ಅಂಕಣವನ್ನು ಪಠ್ಯ ಎಂದು ಗುರುತಿಸಿ.

ಅಡ್ಡಗೆರೆ ಕಣ್ಣಿಗೆ ಮಾತ್ರ, ಉಳಿಸುವಾಗ ಅದಿಲ್ಲದೆ ಉಳಿಸಿ. ಕ್ಯೂಆರ್ ಹಾಕುವುದಾದರೆ ದೊಡ್ಡಕ್ಷರವೇ ಇರಲಿ: ದೊಡ್ಡಕ್ಷರ ಮತ್ತು ಅಂಕಿಯ ಎಂಟು ಚಿಹ್ನೆ 21×21 ಚೌಕದ ಅತಿ ಸಣ್ಣ ಕ್ಯೂಆರ್‌ನಲ್ಲಿ, ಸುಮಾರು ಶೇ. 30 ಹಾಳಾದರೂ ಓದಬಲ್ಲ ಎಚ್ ಮಟ್ಟದಲ್ಲೇ ಹಿಡಿಯುತ್ತದೆ. ಸಣ್ಣಕ್ಷರವಾದರೆ ಅದೇ ಚೌಕದಲ್ಲಿ ಏಳಕ್ಕಿಂತ ಹೆಚ್ಚು ಹಿಡಿಯುವುದಿಲ್ಲ. ಗೋಣಿಗೆ ಸ್ಟಿಕ್ಕರ್ ನಿಲ್ಲುವುದಿಲ್ಲ, ಚೀಲದ ಬಾಯಿ ಹೊಲಿಯುವಾಗಲೇ ಟ್ಯಾಗ್ ಸೇರಿಸಿ ಹೊಲಿಯಿರಿ.

ಪ್ರಶ್ನೆ ಕೇಳಿದವರು

ಎಲ್ಲರಿಗೂ ತುಂಬಾ ಧನ್ಯವಾದ. ಇನ್ನೆರಡು ಸಂಶಯ. ಅಕ್ಷರಗಳನ್ನು ಕನ್ನಡದಲ್ಲೇ ಇಡಬಹುದೇ? ರಾಶಿ, ಬೆಟ್ಟೆ, ಗೊರಬಲು ಎಂಬ ಅಡಿಕೆಯ ದರ್ಜೆಯ ಗುರುತನ್ನು ಕೋಡಿನಲ್ಲೇ ಸೇರಿಸಬಹುದೇ?

ಶಿವಮೊಗ್ಗದಿಂದ

ಕನ್ನಡ ಅಕ್ಷರ ಇಡಬೇಕೆಂಬ ಆಸೆ ನನಗೂ ಇದೆ, ಮನಸ್ಸು ಮಾಡಿದರೆ ಆಗುತ್ತದೆ. ರ–ಠ, ಪ–ಫ–ಷ, ದ–ಧ–ಥ, ಬ–ಭ ಗುಂಪುಗಳಲ್ಲಿ ಒಂದೊಂದನ್ನೇ ಇಟ್ಟುಕೊಂಡು, ಒತ್ತು ಗುಣಿತ ಇಲ್ಲದ ಕ, ಗ, ತ, ಮ, ಹ ತರಹದ ಬಿಡಿ ಅಕ್ಷರ ಬಳಸಬೇಕು. ತೊಡಕು ಎಸ್ಸೆಮ್ಮೆಸ್ಸಿನಲ್ಲಿ: ಒಂದೇ ಒಂದು ಕನ್ನಡ ಅಕ್ಷರ ಸೇರಿದರೂ ಸಂದೇಶದ ಮಿತಿ 160ರಿಂದ 70ಕ್ಕೆ ಇಳಿಯುತ್ತದೆ. ನೀವು ಸಂದೇಶವನ್ನೇ ಕನ್ನಡದಲ್ಲಿ ಕಳಿಸುವವರಾದರೆ ಹೇಗೂ 70, ಆಗ ಚಿಂತೆಯಿಲ್ಲ. ಯಾವುದನ್ನು ಆರಿಸಿದರೂ ಫೋನಿನ ಕೀಲಿಮಣೆಯಿಂದ ೪೮೨೭ ಎಂದು ಬಂದದ್ದನ್ನು 4827 ಎಂದೇ ಓದುವಂತೆ ಮಾಡಿ. ಕನ್ನಡದ ಸೊನ್ನೆಗೆ ಬದಲು ಅನುಸ್ವಾರ ಒತ್ತುವವರೂ ಇರುತ್ತಾರೆ, ಅದನ್ನೂ ಸೊನ್ನೆಯಾಗಿ ಸ್ವೀಕರಿಸಲಿ.

ಸಾಗರದಿಂದ

ಎರಡನೆಯದಕ್ಕೆ ನನ್ನ ಉತ್ತರ ಬೇಡ ಎಂದು. ರಾಶಿ ಎಂದು ಬಂದ ಲಾಟನ್ನು ಮತ್ತೆ ಆರಿಸಿದಾಗ ದರ್ಜೆ ಬದಲಾದರೆ ಕೋಡ್ ಸುಳ್ಳು ಹೇಳತೊಡಗುತ್ತದೆ, ಚೀಲದ ಮೇಲಿನ ಬಣ್ಣ ಅಳಿಸಲೂ ಆಗುವುದಿಲ್ಲ. ಊರಿನ ಹೆಸರೂ ಸೇರಿಸಬೇಡಿ. ಶಿಮೊಗ್ಗ 2014ರ ನವೆಂಬರ್ 1ರಂದು ಅಧಿಕೃತವಾಗಿ ಶಿವಮೊಗ್ಗ ಆಯಿತು, ಆದರೆ ರೈಲು ನಿಲ್ದಾಣದ ಕೋಡ್ ಹಳೆಯ ಹೆಸರಿನ ಎಸ್‌ಎಂಇಟಿ ಆಗಿಯೇ ಉಳಿದಿದೆ. ದರ್ಜೆ, ಊರು, ತೂಕ ಎಲ್ಲ ಡೇಟಾಬೇಸಿನಲ್ಲಿರಲಿ. ಚೀಟಿಯಲ್ಲಿ ಅವನ್ನು ಕೋಡಿನ ಪಕ್ಕ ಬೇರೆ ಸಾಲಿನಲ್ಲಿ ಕನ್ನಡದಲ್ಲೇ ಮುದ್ರಿಸಿ.

ಈಗ ಗೋದಾಮಿನಲ್ಲಿರುವ ಚೀಲಗಳ ಹಳೆಯ ಕೋಡ್ ಬದಲಾಯಿಸಲು ಹೋಗಬೇಡಿ. ಹೊಸ ಕೋಡಿನ ಜೊತೆ ಹಳೆಯದಕ್ಕೂ ಒಂದು ಅಂಕಣವಿಟ್ಟು, ಹುಡುಕುವಾಗ ಎರಡರಲ್ಲೂ ಹುಡುಕುವಂತೆ ಮಾಡಿ. ಹಳೆಯದು ಆರು ಚಿಹ್ನೆ, ಹೊಸದು ಎಂಟು. ಉದ್ದ ನೋಡಿದರೇ ಯಾವುದೆಂದು ತಂತ್ರಾಂಶಕ್ಕೆ ಗೊತ್ತಾಗುತ್ತದೆ. ಲಾಟು ಮಾರಾಟವಾಗಿ ಲೆಕ್ಕ ಮುಗಿದ ಮೇಲೂ ಆ ಕೋಡನ್ನು ಇನ್ನೊಂದಕ್ಕೆ ಕೊಡಬೇಡಿ, ಹಳೆಯ ಚೀಟಿ ಹಿಡಿದು ಎರಡು ವರ್ಷ ಬಿಟ್ಟು ಬರುವವರಿರುತ್ತಾರೆ.