ಗೋಡೆಯ ಬೂಷ್ಟಿಗೆ ಬ್ಲೀಚ್, ವಿನೆಗರ್ ಎರಡೂ ಸೇರಿಸಿ ಹಾಕಬಹುದಾ?

ಬಸವನಗುಡಿ ಬಾಡಿಗೆದಾರ: ಹಳೇ ಮನೆ, ಕೆಳಗಿನ ಪೋರ್ಷನ್. ಮಳೆ ಹಿಡಿದಾಗಿನಿಂದ ಬೀರು ಹಿಂದಿನ ಗೋಡೆಯಲ್ಲೂ ಬಚ್ಚಲಿನ ಮೂಲೆಯಲ್ಲೂ ಕಪ್ಪು ಬೂಷ್ಟು, ಬಟ್ಟೆಯೆಲ್ಲ ಮುಗ್ಗಲು ವಾಸನೆ. ಅಮ್ಮನಿಗೆ ಆಸ್ತಮಾ ಬೇರೆ ಇದೆ. ಬ್ಲೀಚ್, ವಿನೆಗರ್, ಟಾಯ್ಲೆಟ್ ಕ್ಲೀನರ್ ಮೂರೂ ಕಲಸಿ ಹಾಕಿದರೆ ಬೇಗ ಹೋಗುತ್ತದೆ ಅಂತ ಪಕ್ಕದ ಮನೆಯವರು ಹೇಳಿದರು. ಮಾಡಬಹುದಾ?

ವಿಜಯನಗರ: ದಯವಿಟ್ಟು ಬೇಡ! ಬ್ಲೀಚಿಗೆ ಆಸಿಡ್ ಸೇರಿದರೆ ಕ್ಲೋರಿನ್ ಗ್ಯಾಸ್ ಬರುತ್ತದೆ. ವಿನೆಗರ್ ಕೂಡ ಆಸಿಡ್ಡೇ, ಟಾಯ್ಲೆಟ್ ಕ್ಲೀನರ್‌ನಲ್ಲಂತೂ ಸಾಮಾನ್ಯವಾಗಿ ಹೈಡ್ರೋಕ್ಲೋರಿಕ್ ಆಸಿಡ್ ಇರುತ್ತದೆ. ನಾನು ಒಮ್ಮೆ ಬಚ್ಚಲಿನ ಬಾಗಿಲು ಹಾಕಿಕೊಂಡು ಬ್ಲೀಚ್, ಆಸಿಡ್ ಎರಡನ್ನೂ ಸುರಿದುಬಿಟ್ಟಿದ್ದೆ, ಎರಡೇ ನಿಮಿಷಕ್ಕೆ ಗಂಟಲು ಉರಿ, ಕಣ್ಣಲ್ಲಿ ನೀರು, ಹೊರಗೆ ಓಡಿ ಬಂದರೂ ಸಂಜೆವರೆಗೆ ಕೆಮ್ಮು ನಿಲ್ಲಲಿಲ್ಲ. ಅಮೋನಿಯಾ ಇರುವ ಗ್ಲಾಸ್ ಕ್ಲೀನರ್ ಜೊತೆಗೂ ಬ್ಲೀಚ್ ಬೇಡ.

ಮಲ್ಲೇಶ್ವರ ಅಜ್ಜಿಮನೆ: ಬಚ್ಚಲಿನ ಟೈಲ್ಸಿಗೆ ಬ್ಲೀಚ್ ಒಂದೇ ಸಾಕು, ಲೀಟರ್ ನೀರಿಗೆ ಸುಮಾರು 60 ಮಿಲಿ. ಅದಕ್ಕಿಂತ ಜಾಸ್ತಿ ಬೇಡ. ಕಿಟಕಿ ತೆಗೆದಿರಲಿ, ಕೈಗೆ ರಬ್ಬರ್ ಗ್ಲೌಸ್, ಮುಖಕ್ಕೆ ಎನ್95 ಮಾಸ್ಕ್, ಕಣ್ಣಿಗೆ ಕನ್ನಡಕ. ಕೆಲಸ ಮುಗಿದು ಮನೆಯಲ್ಲಿ ಗಾಳಿ ಆಡುವವರೆಗೆ ಅಮ್ಮ ಬೇರೆ ಕಡೆ ಇರಲಿ. ಬೀರು ಹಿಂದಿನ ಗೋಡೆಗೆ ನಾನಾದರೆ ಬ್ಲೀಚ್ ಹಾಕುವುದಿಲ್ಲ, ಪ್ಲಾಸ್ಟರ್ ಒಳಗೆ ಇಳಿದ ಬೂಷ್ಟಿಗೆ ಅದು ಸರಿಯಾಗಿ ತಾಗುವುದಿಲ್ಲ. ಸೋಪು ನೀರಲ್ಲಿ ಬಟ್ಟೆ ಅದ್ದಿ ಒರೆಸಿ. ಒಣಗಿದ್ದಾಗ ಪೊರಕೆಯಲ್ಲಿ ಮಾತ್ರ ಉಜ್ಜಬೇಡಿ, ಆ ಪುಡಿ ಮನೆಯೆಲ್ಲ ಹಾರಿ ಅಮ್ಮನ ಮೂಗಿಗೇ ಹೋಗುತ್ತದೆ. ಇನ್ನೊಂದು, ಹಳೇ ಮನೆ ಅಂದಿರಿ, ಮೊಸಾಯಿಕ್ ನೆಲ ಇದ್ದರೆ ವಿನೆಗರ್ ಬೀಳದ ಹಾಗೆ ನೋಡಿಕೊಳ್ಳಿ, ಅದು ಅಮೃತಶಿಲೆಯ ಚೂರುಗಳ ಹೊಳಪು ತಿನ್ನುತ್ತದೆ.

ಜೆ.ಪಿ. ನಗರ: ಒರೆಸುವುದು ಅರ್ಧ ಕೆಲಸ ಅಷ್ಟೇ ಅಲ್ವಾ? ತೇವ ಎಲ್ಲಿಂದ ಬರುತ್ತಿದೆ ನೋಡಿ. ನಮ್ಮಲ್ಲಿ ಸುಮ್ನೆ ಮೇಲೆ ಪೇಂಟ್ ಹೊಡೆಸಿದೆವು, ಮುಂದಿನ ಮಳೆಗೆ ಪೇಂಟ್ ಸಮೇತ ಎದ್ದು ಬಂತು. ಆಮೇಲೆ ಗೊತ್ತಾಯಿತು, ಗೋಡೆ ಒಳಗಿನ ಪೈಪು ಸೋರುತ್ತಿತ್ತು.

ಬಸವನಗುಡಿ ಬಾಡಿಗೆದಾರ: ತುಂಬಾ ಥ್ಯಾಂಕ್ಸ್, ಬಕೆಟ್‌ಗೆ ಸುರಿಯುವ ಮುಂಚೆ ಕೇಳಿದ್ದು ಒಳ್ಳೆಯದಾಯಿತು. ಈಗಷ್ಟೇ ಬೀರು ಎಳೆದು ನೋಡಿದೆ, ಆ ಗೋಡೆಯ ಆಚೆ ಬದಿಯೇ ಬಚ್ಚಲಿನ ನಲ್ಲಿ. ಓನರ್‌ಗೆ ಫೋನ್ ಮಾಡಿದ್ದೇನೆ, ನಾಳೆ ಪ್ಲಂಬರ್ ಕಳಿಸುತ್ತಾರಂತೆ. ಅಮ್ಮನನ್ನು ಅಕ್ಕನ ಮನೆಗೆ ಬಿಟ್ಟು ಬರುತ್ತೇನೆ.