ಬೆಲ್ಜಿಯಂ ಪ್ರಧಾನಿ ಶಾರ್ಲ್ ದ ಬ್ರೋಕ್‌ವಿಲ್ 1914ರಲ್ಲಿ ಓಡಿಹೋದರಾ?

ಹಾಸನದ ಓದುಗ:
ಮೊದಲ ಮಹಾಯುದ್ಧದ ಬಗ್ಗೆ ಓದುತ್ತಿದ್ದೇನೆ. ಬೆಲ್ಜಿಯಂ ರಾಜ ಮೊದಲನೇ ಆಲ್ಬರ್ಟ್‌ನ ಹೊಗಳಿಕೆ ಎಲ್ಲ ಕಡೆ ಸಿಗುತ್ತದೆ. ಪ್ರಧಾನಿ ದ ಬ್ರೋಕ್‌ವಿಲ್ ಹೆಸರು ಒಂದೆರಡು ಸಾಲಿನಲ್ಲೇ ಮುಗಿಯುತ್ತದೆ. 1914ರ ಅಕ್ಟೋಬರ್‌ನಲ್ಲಿ ರಾಜ ಸೈನ್ಯದ ಜೊತೆ ಉಳಿದ, ಈತ ಮಂತ್ರಿಗಳನ್ನು ಕರೆದುಕೊಂಡು ಫ್ರಾನ್ಸಿಗೆ ಹೋದ. ಇದು ಓಡಿಹೋಗಿದ್ದು ಅಲ್ವಾ? ದೊಡ್ಡ ಮನೆತನದವರು ಬಡವರ ಮಕ್ಕಳನ್ನು ಯುದ್ಧಕ್ಕೆ ಕಳಿಸಿ ತಾವು ದೂರ ಕೂತರು ಅಂತ ನನಗನ್ನಿಸುತ್ತದೆ.

ಸಕಲೇಶಪುರ ಮೇಷ್ಟ್ರು:
ಬಡವರ ಮಕ್ಕಳ ಮಾತು ಬಂತಲ್ಲ, ಅಲ್ಲಿಂದಲೇ ಶುರು ಮಾಡೋಣ. ಅಲ್ಲಿ ಮೊದಲು ಸೈನ್ಯಕ್ಕೆ ಚೀಟಿ ಎತ್ತುತ್ತಿದ್ದರು. ಚೀಟಿ ಬಿದ್ದರೆ ದುಡ್ಡಿದ್ದವರು ಬೇರೆಯವನನ್ನು ಕಳಿಸಬಹುದಿತ್ತು. 1909ರಲ್ಲಿ ಅದು ನಿಂತು ಮನೆಗೊಬ್ಬ ಮಗ ಅಂತಾಯಿತು. 1911ರಲ್ಲಿ ಪ್ರಧಾನಿಯಾದ ದ ಬ್ರೋಕ್‌ವಿಲ್, 1913ರಲ್ಲಿ ಎಲ್ಲ ಗಂಡುಮಕ್ಕಳಿಗೂ ಸೇನಾಸೇವೆ ಅನ್ವಯಿಸುವ ಕಾನೂನು ತಂದರು. ಸ್ವಂತ ಕ್ಯಾಥೊಲಿಕ್ ಪಕ್ಷದಲ್ಲೇ ಅದಕ್ಕೆ ವಿರೋಧ ಇತ್ತು, ಆದರೂ ಬಿಡಲಿಲ್ಲ. ಆದರೆ ಕಾನೂನು ಬಂದು ವರ್ಷ ಕಳೆಯುವಷ್ಟರಲ್ಲಿ ಯುದ್ಧವೇ ಬಂತು. 1914ರ ಆಗಸ್ಟ್ 2ರ ಸಂಜೆ ಜರ್ಮನಿ 12 ಗಂಟೆ ಗಡುವು ಕೊಟ್ಟು, ತನ್ನ ಸೈನ್ಯ ಬೆಲ್ಜಿಯಂ ಮೂಲಕ ಹಾದುಹೋಗಲು ದಾರಿ ಬಿಡಿ ಅಂತ ಕೇಳಿತು. ಮರುದಿನ ಬೆಳಿಗ್ಗೆ ರಾಜ ಮತ್ತು ಇವರ ಸರ್ಕಾರ ಆಗಲ್ಲ ಅಂದರು, 4ಕ್ಕೆ ಸೈನ್ಯ ಒಳಗೆ ನುಗ್ಗಿತು.

ಅಕ್ಟೋಬರ್ ಕೊನೆಗೆ ಉಳಿದಿದ್ದು ಈಸರ್ ನದಿಯ ಹಿಂದಿನ ಸಣ್ಣ ಮೂಲೆ ಮಾತ್ರ. ಗೊರೂರಿನಲ್ಲಿ ಹೇಮಾವತಿ ಗೇಟು ತೆಗೆಯುವ ಹಾಗೆ ಅಲ್ಲಿ ಕರಾವಳಿಯ ನ್ಯೂಪೋರ್ಟ್ ಊರಿನ ತೂಬುಗಳನ್ನು ತೆಗೆದು, ಸಮುದ್ರದ ನೀರನ್ನೇ ಗದ್ದೆಗಳಿಗೆ ಬಿಟ್ಟು ಜರ್ಮನ್ನರನ್ನು ತಡೆದರು. ಆ ಮೂಲೆಯಲ್ಲಿ ಕೂತು ಸಾಲ, ಶಸ್ತ್ರ, ನಿರಾಶ್ರಿತರ ವ್ಯವಸ್ಥೆ ನೋಡುವುದು ಸಾಧ್ಯವೇ? ಫ್ರಾನ್ಸಿನ ಲ ಹಾವ್ರ್ ಪಕ್ಕದ ಊರಿನಲ್ಲಿ ಸರ್ಕಾರ ನಡೆಸಿದ್ದು ಅದಕ್ಕೇ. ಇದನ್ನು ಓಡಿಹೋದದ್ದು ಅನ್ನಲು ನನಗೆ ಮನಸ್ಸಿಲ್ಲ.

ಮೂಡಿಗೆರೆ ತೋಟದಿಂದ:
ಮೇಷ್ಟ್ರೇ, ಶಾಲೆ ವಿಷಯ ಬಿಟ್ಟಿರಲ್ಲ! 1914ರ ಮೇ ತಿಂಗಳಲ್ಲಿ, ಯುದ್ಧಕ್ಕೆ ಸ್ವಲ್ಪ ಮುಂಚೆ, 6ರಿಂದ 14 ವರ್ಷದ ಮಕ್ಕಳಿಗೆ ಶಿಕ್ಷಣ ಕಡ್ಡಾಯ ಮಾಡಿದ್ದು ಇವರ ಸರ್ಕಾರವೇ. ಗಣಿ, ಕಾರ್ಖಾನೆಗಳಲ್ಲಿ ಮಕ್ಕಳು ದುಡಿಯುತ್ತಿದ್ದ ದೇಶ ಅದು. ನನಗೆ ಇದು ಸೈನ್ಯದ ಕಾನೂನಿಗಿಂತ ದೊಡ್ಡದು. ಆದರೆ ಮತದಾನದಲ್ಲಿ ಇವರು ಹಿಂದೆ ಬಿದ್ದರು ಅನ್ನಲೇಬೇಕು. ಆಗ ಆಸ್ತಿ, ಓದು ಇದ್ದವರಿಗೆ 3 ಮತದವರೆಗೂ ಇತ್ತು. 1913ರ ಏಪ್ರಿಲ್‌ನಲ್ಲಿ ಕಾರ್ಮಿಕರು ದೊಡ್ಡ ಮುಷ್ಕರ ಮಾಡಿದರು, ಆದರೂ ಗಂಡಸರಿಗೆ ಸಮಾನ ಮತ ಸಿಕ್ಕಿದ್ದು ಯುದ್ಧ ಮುಗಿದ ಮೇಲೆ, 1919ರಲ್ಲಿ.

ಹಾಸನದ ಓದುಗ:
ಶಾಲೆ ವಿಷಯ ಗೊತ್ತಿರಲಿಲ್ಲ, ಥ್ಯಾಂಕ್ಸ್ ಮೇಡಂ. ಮತ್ತೆ 1918ರಲ್ಲಿ, ಯುದ್ಧ ಮುಗಿಯುವ ಮೊದಲೇ, ಹುದ್ದೆ ಬಿಟ್ಟಿದ್ದು ಯಾಕೆ?

ಚಿಕ್ಕಮಗಳೂರು ಕೋಟೆ:
ಮುಖ್ಯ ಕಾರಣ ಶಾಂತಿ ಮಾತುಕತೆ ಸರ್. 1917ರಲ್ಲಿ ಜರ್ಮನ್ ಕಡೆಯಿಂದ ಫಾನ್ ಡೆರ್ ಲಾಂಕೆನ್ ಅನ್ನುವ ಅಧಿಕಾರಿಯ ಮೂಲಕ ಬಂದ ಸಂಧಾನದ ಸುಳಿವನ್ನು ಇವರು ಫ್ರಾನ್ಸಿನ ಮಾಜಿ ಪ್ರಧಾನಿ ಬ್ರಿಯಾನ್‌ಗೆ ತಲುಪಿಸಿದರು. ಸಹಮಂತ್ರಿಗಳ ನಂಬಿಕೆ ಹೋಯಿತು. ನನ್ನ ಪ್ರಕಾರ ಕೇಳಿ ನೋಡಿದ್ದು ತಪ್ಪಲ್ಲ, ಜೊತೆಯವರಿಗೆ ಹೇಳದೆ ನಡೆದಿದ್ದು ತಪ್ಪು. 1932ರಲ್ಲಿ ಮತ್ತೆ ಪ್ರಧಾನಿಯಾದರು. 1934ರ ಫೆಬ್ರವರಿಯಲ್ಲಿ ರಾಜ ಆಲ್ಬರ್ಟ್ ಬಂಡೆ ಹತ್ತುವಾಗ ಬಿದ್ದು ಸತ್ತಾಗಲೂ ಇವರೇ ಪ್ರಧಾನಿ. ಮುಂದಿನ ತಿಂಗಳು ಸೆನೆಟ್‌ನಲ್ಲಿ, ಜರ್ಮನಿ ಮತ್ತೆ ಶಸ್ತ್ರ ಮಾಡಿಕೊಳ್ಳುವುದನ್ನು ಯುದ್ಧ ಮಾಡಿ ತಡೆಯಲು ಆಗುವುದಿಲ್ಲ ಅಂತ ನೇರವಾಗಿ ಹೇಳಿದರು. 1940ರ ಮೇನಲ್ಲಿ ಜರ್ಮನ್ ಸೈನ್ಯ ಎರಡನೇ ಸಲ ಬಂತು. ಅದನ್ನೂ ನೋಡಿ, ಆ ಸೆಪ್ಟೆಂಬರ್‌ನಲ್ಲಿ ತೀರಿಕೊಂಡರು.