ಪದಚರ್ಚೆ: ‘ನಕ್ಷೆಗಾರರ ಸಂಘ’ಕ್ಕೆ ಬದಲು ಬೇರೆ ಹೆಸರು ಬೇಕು, ನಾಳೆ ಸಂಜೆಯೊಳಗೆ

ಮುಲುಂಡ್‌ನಿಂದ:

ಹಿರಿಯರಿಗೆ ನಮಸ್ಕಾರ. ನಮ್ಮ ಕನ್ನಡ ಸಂಘದ ವಾರ್ಷಿಕೋತ್ಸವಕ್ಕೆ ಮಕ್ಕಳ ನಾಟಕವೊಂದನ್ನು ಮರಾಠಿಯಿಂದ ಕನ್ನಡಕ್ಕೆ ತರುತ್ತಿದ್ದೇನೆ. ಕತೆ ನಡೆಯುವುದು ಒಂದು ಮಾಯಾನಾಡಿನಲ್ಲಿ. ರಾತ್ರಿ ಊರ ಮೂಡಣಕ್ಕಿದ್ದ ಬೆಟ್ಟ ಬೆಳಗಾಗುವಷ್ಟರಲ್ಲಿ ಪಡುವಣಕ್ಕೆ ಸರಿದಿರುತ್ತದೆ. ಹೊಳೆ ನಿನ್ನೆಯ ದಾರಿಯಲ್ಲಿ ಇಂದು ಹರಿಯುವುದಿಲ್ಲ. ಆ ನಾಡನ್ನು ದಿನವೂ ಹೊಸದಾಗಿ ಅಳೆದು ಬರೆಯುವ ಕಸುಬುದಾರರ ಕೂಟವೊಂದಿದೆ. ತಂದೆಯಿಂದ ಮಗಳಿಗೆ, ಗುರುವಿನಿಂದ ಶಿಷ್ಯನಿಗೆ ಬರುವ ಕಸುಬು. ಹೊರಗಿನವರಿಗೆ ಗುಟ್ಟು ಬಿಟ್ಟುಕೊಡುವಂತಿಲ್ಲ. ಮರಾಠಿಯಲ್ಲಿ ‘ನಕಾಶಾಕಾರ’ ಎಂದಿದೆ. ‘ನಕ್ಷೆಗಾರರ ಸಂಘ’ ಎಂದು ಬರೆದು ನೋಡಿದೆ. ಮುಂಬಯಿಯ ನಮ್ಮ ಮಕ್ಕಳಿಗೆ ಸಂಘವೆಂದರೆ ವಾರ್ಷಿಕ ಸಭೆ ಮತ್ತು ಚಂದಾ ಪುಸ್ತಕ. ಅದು ಬೇಡ. ರಂಗದ ಮೇಲೆ ತೂಗುಹಾಕುವ ಫಲಕವನ್ನು ಬರೆಯುವವರು ನಾಳೆ ಸಂಜೆ ಬರುತ್ತಾರೆ. ಆ ಕೂಟಕ್ಕೊಂದು, ಸರಿದಾಡುವ ಆ ನಾಡಿಗೊಂದು ಹೆಸರು ಕೊಡಿ.

ಪುಣೆಯಿಂದ:

ಶ್ರೇಣಿ. ಹಿಂದೆ ಕಸುಬುದಾರರ ಕೂಟವನ್ನು ಹೀಗೆಯೇ ಕರೆಯುತ್ತಿದ್ದರು. ಹಳೆಯ ಪದ, ಗಟ್ಟಿ ಪದ, ಬೇರೆ ಹುಡುಕಬೇಕಾಗಿಲ್ಲ. ನಾಡಿಗೆ ‘ಜಂಗಮನಾಡು’ ಎನ್ನಿ. ಇನ್ನು ‘ನಕ್ಷೆ’ ಬಂದದ್ದು ನಕ್ಷತ್ರದಿಂದ. ಹಡಗಿನವರು ನಕ್ಷತ್ರ ನೋಡಿಯೇ ದಿಕ್ಕು ಹಿಡಿಯುತ್ತಿದ್ದರು. ಆದ್ದರಿಂದ ‘ನಕ್ಷಾಕಾರ’ ಎಂಬುದೇ ಶುದ್ಧ ರೂಪ.

ಮಡಗಾಂವ್‌ನಿಂದ:

ನಕ್ಷತ್ರಕ್ಕೂ ನಕ್ಷೆಗೂ ಯಾವ ನಂಟೂ ಇಲ್ಲ. ಅರಬ್ಬಿಯ ‘ನಕ್ಶ್’ ಎಂದರೆ ಕೆತ್ತಿದ, ಬಿಡಿಸಿದ ಚಿತ್ರ. ಪಾರಸಿಯ ಮೂಲಕ ಇತ್ತ ಬಂತು. ಮರಾಠಿಯವರ ನಕ್ಷೀಕಾಮ, ನಕಾಶಾ ಎರಡೂ ಅದರ ಮಕ್ಕಳು. ಎರವಲು ಎಂದಮೇಲೆ ಅದನ್ನು ಫಲಕಕ್ಕೆ ಏರಿಸುವುದೇಕೆ? ‘ನೆಲತಿಟ್ಟ’ ಎನ್ನಿ, ಬರೆಯುವವನು ‘ತಿಟ್ಟಗಾರ’. ಹಳೆಯ ಕವಿ ಆಂಡಯ್ಯ ಇಡೀ ಕಾವ್ಯವನ್ನು ಸಂಸ್ಕೃತದ ಹಂಗಿಲ್ಲದೆ ಬರೆದ. ನಾವು ಒಂದು ಫಲಕ ಬರೆಯಲಾರೆವೇ?

ಮಾಟುಂಗಾದಿಂದ:

ತಂಗಿ, ಫಲಕ ನಾಳೆಯೇ ಬೇಕಾದ್ದರಿಂದ ಮೊದಲು ಉತ್ತರ: ‘ನಡೆನಾಡಿನ ನಕ್ಷೆಗಾರರ ಐವತ್ತೊಕ್ಕಲು’.

‘ಶ್ರೇಣಿ’ ಇಂದು ಆ ಅರ್ಥವನ್ನು ಕಳೆದುಕೊಂಡಿದೆ. ಕೇಳಿದವರಿಗೆ ವೇತನಶ್ರೇಣಿ ನೆನಪಾಗುತ್ತದೆ, ಇಲ್ಲವೇ ಪರ್ವತಶ್ರೇಣಿ. ಬೆಟ್ಟಗಳೇ ಓಡಾಡುವ ಕತೆಯಲ್ಲಿ ಆ ಗೊಂದಲ ಬೇಡವೇ ಬೇಡ. ನಮ್ಮ ಶಾಸನಗಳು ಕಸುಬಿನ ಕೂಟಗಳನ್ನು ಕರೆದ ಬಗೆ ಬೇರೊಂದಿದೆ. ಅದರ ಮೇಲೆ ನನಗೆ ಬಹುಕಾಲದ ಪ್ರೀತಿ. ಐಹೊಳೆಯ ಹೆಸರು ಹೊತ್ತ ವರ್ತಕರು ‘ಅಯ್ಯಾವೊಳೆ ಐನೂರ್ವರು’. ಗಾಣದವರು ‘ತೆಲ್ಲಿಗರ ಐವತ್ತೊಕ್ಕಲು’. ಮಂಡಳಿ, ಸಭೆ ಎಂಬ ಪದವನ್ನೇ ಹಚ್ಚದೆ ಇಷ್ಟು ಜನ, ಇಷ್ಟು ಮನೆ ಎಂದಷ್ಟೇ ಹೇಳಿದರು. ಎಣಿಕೆಯೇ ಹೆಸರಾಗಿ ನಿಂತಿತು. ಒಕ್ಕಲು ಎಂದರೆ ನೆಲೆಯೂರಿದ ಮನೆತನ. ಸಂಘಕ್ಕೆ ಚಂದಾ ಕೊಟ್ಟು ಸೇರಬಹುದು, ಒಕ್ಕಲಿಗೆ ಹಾಗೆ ಸೇರಲಾಗದು. ನೀವು ಹೇಳಿದ ಗುಟ್ಟು, ಪರಂಪರೆ ಎರಡೂ ಆ ಒಂದು ಪದದಲ್ಲಿವೆ. ನೆಲವೇ ನಿಲ್ಲದ ನಾಡಿನಲ್ಲಿ ನೆಲೆ ನಿಂತವರು ಇವರಷ್ಟೇ ಎಂಬ ಅರ್ಥವೂ ಬರುತ್ತದೆ.

‘ಜಂಗಮ’ ಬೇಡ. ‘ಸ್ಥಾವರಕ್ಕಳಿವುಂಟು ಜಂಗಮಕ್ಕಳಿವಿಲ್ಲ’ ಎಂದ ಬಸವಣ್ಣನವರ ಬಾಯಲ್ಲಿ ಆ ಪದ ಪಡೆದ ತೂಕ ದೊಡ್ಡದು. ಮಾಯೆಯ ಬೆಟ್ಟಕ್ಕೆ ಅದನ್ನು ಕಟ್ಟುವುದು ನನಗೆ ಸರಿಕಾಣದು. ಸುಡುವ ಕಾಡು ಸುಡುಗಾಡು, ಕಡೆಯುವ ಕೋಲು ಕಡೆಗೋಲು, ಊರುವ ಕೋಲು ಊರುಗೋಲು ಆದಂತೆ ನಡೆಯುವ ನಾಡು ನಡೆನಾಡು. ಮಕ್ಕಳಿಗೆ ವಿವರಿಸಬೇಕಾಗಿಲ್ಲ.

ಇನ್ನು ನಕ್ಷೆ. ಮಡಗಾಂವ್‌ನವರು ಹೇಳಿದ ಹುಟ್ಟು ಸರಿ, ತೀರ್ಪು ತಪ್ಪು. ಆಂಡಯ್ಯನನ್ನು ಸಾಕ್ಷಿಗೆ ಕರೆದಿರಿ. ಅವನು ಬಿಟ್ಟದ್ದು ತತ್ಸಮಗಳನ್ನು, ತದ್ಭವಗಳನ್ನಲ್ಲ. ಅವನ ಕಾವ್ಯದ ‘ಕಬ್ಬಿಗರ ಕಾವ’ ಎಂಬ ಹೆಸರನ್ನೇ ನೋಡಿ: ಕಬ್ಬ ಬಂದದ್ದು ಕಾವ್ಯದಿಂದ. ಅದು ಹೊರಗಿನಿಂದ ಬಂದು ಕನ್ನಡದ ಗಾಣದಲ್ಲಿ ಅರೆದು ಹೊಸ ರೂಪ ಪಡೆಯಿತು. ನಕ್ಷೆಯೂ ಹಾಗೆಯೇ. ಮಾಲಾ ಮಾಲೆಯಾದಂತೆ ಕೊನೆಯ ಆಕಾರ ಎಕಾರವಾಯಿತು. ‘ಗಾರ’ ಸೇರಿಸಿದರೆ ಬಳೆಗಾರನ ಪಕ್ಕದಲ್ಲಿ ಸಲೀಸಾಗಿ ಕೂರುತ್ತದೆ. ಆ ಗಾರವೂ ‘ಕಾರ’ದಿಂದ ಬಂದದ್ದೇ. ಹಾಗೆಂದು ಬಳೆಗಾರನನ್ನು ಹೊರಗೆ ಕಳುಹಿಸುವುದೇ? ‘ತಿಟ್ಟ’ವೆಂದರೆ ಚಿತ್ರವೆಂದು ಎಷ್ಟು ಮಕ್ಕಳಿಗೆ ಗೊತ್ತು? ಅವರು ಹಳ್ಳತಿಟ್ಟಿನ ತಿಟ್ಟೆಂದೇ ಕೇಳಿಸಿಕೊಳ್ಳುತ್ತಾರೆ. ‘ಭೂಪಟ’ ಶಾಲೆಯ ಗೋಡೆಗೆ ಚೆನ್ನ, ಆದರೆ ‘ಭೂಪಟಗಾರ’ ಎಂದು ಬರೆದರೆ ನಾಲಿಗೆ ತಡವರಿಸುತ್ತದೆ.

ಪುಣೆಯಿಂದ:

ನಕ್ಷತ್ರದ ಮಾತು ಹಿಂತೆಗೆದುಕೊಂಡಿದ್ದೇನೆ. ಒಕ್ಕಲನ್ನು ಒಪ್ಪುವುದಿಲ್ಲ. ಇಂದು ಒಕ್ಕಲು ಎಂದರೆ ಗೇಣಿದಾರ. ‘ಒಕ್ಕಲೆಬ್ಬಿಸು’ ಎಂಬುದೊಂದೇ ಪತ್ರಿಕೆಗಳಲ್ಲಿ ಉಳಿದಿದೆ.

ಮಡಗಾಂವ್‌ನಿಂದ:

ಆಂಡಯ್ಯನ ತದ್ಭವಗಳನ್ನು ಅರೆದವರು ಜನ. ನಕ್ಷೆ, ಮೋಜಣಿ, ಹದ್ದುಬಸ್ತು ಎಲ್ಲ ಕಚೇರಿ ಹೇರಿದವು. ಧಾರವಾಡ, ಬೆಳಗಾವಿ, ವಿಜಾಪುರ, ಕಾರವಾರಗಳು 1956ರವರೆಗೆ ಮುಂಬಯಿಯ ಆಡಳಿತದಲ್ಲಿದ್ದವು. ಹೇರಿಕೆಯನ್ನೂ ಅರೆಯುವಿಕೆಯನ್ನೂ ಒಂದೇ ತಕ್ಕಡಿಯಲ್ಲಿ ತೂಗಬೇಡಿ.

ಮಾಟುಂಗಾದಿಂದ:

ಹೇರಿದ್ದೆಂದೇ ಇಟ್ಟುಕೊಳ್ಳೋಣ. ಹೊಲದ ಎಲ್ಲೆಗಾಗಿ ಜಗಳವಾದಾಗ ರೈತ ಕೊಡುವ ಅರ್ಜಿ ಹದ್ದುಬಸ್ತಿನದು, ಕೇಳುವ ಪ್ರತಿ ನಕ್ಷೆಯದು. ತನ್ನ ನೆಲವನ್ನು ಉಳಿಸಿಕೊಳ್ಳಲು ಅವನು ಹಿಡಿದ ಪದವನ್ನು ಪರಕೀಯವೆನ್ನಲು ನನಗೆ ಬಾಯಿ ಬರುವುದಿಲ್ಲ. ಮರಾಠಿಯವರು ನಮ್ಮ ಅಣ್ಣನನ್ನೂ ಅಕ್ಕನನ್ನೂ ಕರೆದೊಯ್ದು ತಮ್ಮ ಮನೆಯವರನ್ನಾಗಿ ಮಾಡಿಕೊಂಡಿದ್ದಾರೆ. ಅವರನ್ನು ಹಿಂದಿರುಗಿಸಿ ಎಂದು ಕೇಳೋಣವೇ?

ಒಕ್ಕಲಿನ ವಿಷಯ: ಒಕ್ಕಲು ಇದ್ದರಲ್ಲವೇ ಎಬ್ಬಿಸುವುದು? ನೆಲೆಯ ಅರ್ಥ ಅಲ್ಲಿ ಇನ್ನೂ ಜೀವಂತವಾಗಿದೆ.

ಮುಲುಂಡ್‌ನಿಂದ:

ಎಲ್ಲರಿಗೂ ಕೃತಜ್ಞತೆ. ನಮ್ಮ ಮನೆಯವರು ಕುಂದಾಪುರದ ಕಡೆಯವರು. ಹೊಸ ಮನೆಗೆ ಕಾಲಿಡುವುದನ್ನು ಈಗಲೂ ‘ಮನೆ ಒಕ್ಕಲು’ ಎನ್ನುತ್ತೇವೆ, ಹಾಗಾಗಿ ನನಗೆ ಒಕ್ಕಲು ಗೇಣಿಯ ಪದವಾಗಿ ಕೇಳಿಸಲಿಲ್ಲ. ‘ನಡೆನಾಡಿನ ನಕ್ಷೆಗಾರರ ಐವತ್ತೊಕ್ಕಲು’ ಎಂದೇ ಬರೆಸುತ್ತೇನೆ. ರಂಗದ ಮೇಲಿರುವವರು ಹನ್ನೊಂದು ಮಕ್ಕಳು, ಸಂಖ್ಯೆಯನ್ನು ಅದಕ್ಕೆ ಇಳಿಸಲೇ ಎಂದು ಮೊದಲು ಯೋಚಿಸಿದ್ದೆ. ಆದರೆ ಎರಡನೆಯ ಅಂಕದಲ್ಲಿ ಒಂದು ಮನೆ ಬೆಟ್ಟದೊಂದಿಗೆ ಸರಿದುಹೋಗಿ ಮತ್ತೆ ಸಿಗುವುದೇ ಇಲ್ಲ. ಆಮೇಲೂ ಫಲಕದಲ್ಲಿ ಐವತ್ತೇ ಇರಬೇಕು.